ಅರ್ಕ: ಸೂರ್ಯನ ಹೆಸರು ಊರು, ಶಾಸನ, ಗಿಡಗಳಲ್ಲಿ ಬಾಳಿದ ಬಗೆ

ಅರ್ಕ ಎಂದರೆ ಸೂರ್ಯ. ಸಂಸ್ಕೃತದ ‘ಅರ್ಚ್’ ಧಾತುವಿಗೆ ಬೆಳಗು, ಹೊಳೆ ಎಂಬ ಅರ್ಥವಿದೆ. ಹೊಗಳು, ಪೂಜಿಸು ಎಂಬ ಅರ್ಥವೂ ಇದೆ. ಋಗ್ವೇದದಲ್ಲಿ ಅರ್ಕವೆಂಬುದು ಕಿರಣಕ್ಕೂ ಸಲ್ಲುತ್ತದೆ, ಸ್ತೋತ್ರಕ್ಕೂ ಸಲ್ಲುತ್ತದೆ. ಉರಿಯ ನಾಲಿಗೆಗೆ ಹೇಳುವ ಅರ್ಚಿಸ್ಸು, ದೇವರಿಗೆ ಮಾಡುವ ಅರ್ಚನೆ, ಅದನ್ನು ಮಾಡುವ ಅರ್ಚಕ, ಇವೆಲ್ಲ ಒಂದೇ ಬೇರಿನ ಮಾತುಗಳು. ಅಮರಕೋಶ ಸೂರ್ಯನಿಗೆ ಕೊಡುವ ಹತ್ತಾರು ಹೆಸರುಗಳಲ್ಲಿ ಅರ್ಕವೂ ಒಂದು. ಆದಿತ್ಯರು ಹನ್ನೆರಡು ಮಂದಿಯಾದ್ದರಿಂದ ಜ್ಯೋತಿಷಿಗಳ ಲೆಕ್ಕದಲ್ಲಿ ಅರ್ಕ ಎಂದರೆ 12 ಎಂಬ ಅಂಕಿ. ಮಹಾಭಾರತದ ಕಥೆ ಹೇಳುವ ಕವಿಗಳಿಗೆ ಕರ್ಣ ಅರ್ಕಸುತ. ಒಡಿಶಾದ ಕಡಲ ದಂಡೆಯಲ್ಲಿ 13ನೆಯ ಶತಮಾನದಲ್ಲಿ ಎದ್ದ ಸೂರ್ಯ ದೇವಾಲಯದ ಊರು ಕೋಣಾರ್ಕ.

ಕನ್ನಡದ ದಿನನಿತ್ಯದ ಮಾತಿನಲ್ಲಿ ಮಾತ್ರ ಈ ಪದಕ್ಕೆ ಸೂರ್ಯನ ಜಾಗ ಸಿಕ್ಕಲಿಲ್ಲ. ಹಳೆಯ ಕನ್ನಡಕ್ಕೆ ನೇಸರ್ ಇತ್ತು. ಹಾಸನ ಸೀಮೆಯ ಹಳ್ಳಿಗಳಲ್ಲಿ ಇವತ್ತಿಗೂ ಹುಟ್ಟುವುದು, ಮುಳುಗುವುದು ‘ಹೊತ್ತು’. ಓದಿದವರ ಬಾಯಲ್ಲಿ ಸೂರ್ಯ ಬಂದ, ಪಂಚಾಂಗದಲ್ಲಿ ರವಿ, ಭಾನು ಬಂದರು. ಅರ್ಕವನ್ನು ಕಾವ್ಯದ ಹೊರಗೆ ಹುಡುಕುವವರು ಬೇರೆ ಕಡೆ ನೋಡಬೇಕು: ಕಾವೇರಿ ದಂಡೆಯ ಊರು, ಗುಡಿಗಳ ಹೆಸರಿನಲ್ಲಿ, ದಾನಶಾಸನದ ಕೊನೆಯ ಸಾಲಿನಲ್ಲಿ, ಬೇಲಿಬದಿಯ ಒಂದು ಗಿಡದಲ್ಲಿ. ಈ ಮೂರೂ ಒಟ್ಟಿಗೆ ಸಿಗುವ ಸೀಮೆ ಹಾಸನ ಜಿಲ್ಲೆಯ ಅರಕಲಗೂಡು.

ಅರಕಲಗೂಡು ತಾಲ್ಲೂಕು ಹೇಮಾವತಿ ಮತ್ತು ಕಾವೇರಿಯ ನಡುವಿನ ನಾಡು. ಪಶ್ಚಿಮಕ್ಕೆ ಮಲೆನಾಡಿನ ಸೆರಗು, ಪೂರ್ವಕ್ಕೆ ಬಯಲು. ಊರಿನ ಹಳೆಯ ಹೆಸರು ಅರ್ಕಪುರಿ, ಅಂದರೆ ಸೂರ್ಯನ ಪಟ್ಟಣ, ಎಂದು ಸ್ಥಳಪುರಾಣ ಹೇಳುತ್ತದೆ. ಗೌತಮ ಋಷಿ ಇಲ್ಲಿ ತಪಸ್ಸು ಮಾಡಿ ಅರ್ಕೇಶ್ವರನನ್ನು ಪ್ರತಿಷ್ಠೆ ಮಾಡಿದರಂತೆ. ಮೈಸೂರು ಸಂಸ್ಥಾನದ ಗೆಜೆಟಿಯರ್ ಬರೆದ ಬಿ.ಎಲ್. ರೈಸ್ ಈ ಐತಿಹ್ಯವನ್ನು ದಾಖಲಿಸಿದ್ದಾರೆ. ಈಗಿನ ಪಟ್ಟಣವನ್ನು 1568ರ ಸುಮಾರಿಗೆ ಕಟ್ಟಿಸಿದವನು ಐಗೂರು ಪಾಳೆಯಗಾರರ ಮನೆತನದ ಕೃಷ್ಣಪ್ಪ ನಾಯಕ ಎಂದೂ ಹೇಳಿದ್ದಾರೆ. 1565ರಲ್ಲಿ ವಿಜಯನಗರ ಮುರಿದುಬಿದ್ದ ಮೇಲೆ ಸಾಮಂತರು ತಂತಮ್ಮ ನೆಲವನ್ನು ಭದ್ರ ಮಾಡಿಕೊಳ್ಳುತ್ತಿದ್ದ ಕಾಲ ಅದು. ಮುಂದೆ 17ನೆಯ ಶತಮಾನದಲ್ಲಿ ಊರು ಮೈಸೂರಿಗೂ ಇಕ್ಕೇರಿಗೂ ನಡುವಿನ ಜಗಳದ ನೆಲವಾಯಿತು. ಆ ಶತಮಾನದ ಕೊನೆಗೆ ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಮೈಸೂರಿನ ಪಾಲಾಯಿತು.

ಅರ್ಕಪುರಿ ಎಂಬ ಸಂಸ್ಕೃತದ ಹೆಸರು ಪುರಾಣದಲ್ಲೇ ಉಳಿಯಿತು. ಜನರ ನಾಲಿಗೆಯಲ್ಲಿ ನಿಂತದ್ದು ಅರಕಲಗೂಡು. ಒತ್ತಕ್ಷರವನ್ನು ಬಿಡಿಸಿ ಹೇಳುವುದು ಕನ್ನಡದ ಹಳೆಯ ಅಭ್ಯಾಸ. ಕಾರ್ಯ ಕಾರಿಯವಾದಂತೆ, ವರ್ಷ ವರುಷವಾದಂತೆ ಅರ್ಕ ಅರಕವಾಗುತ್ತದೆ. ‘ಗೂಡು’ ಅಚ್ಚಗನ್ನಡದ ಮಾತು: ಹಕ್ಕಿಯ ಮನೆ, ರೇಷ್ಮೆ ಹುಳುವಿನ ಮನೆ, ಹಳೆಯ ಮನೆಗಳ ಗೋಡೆಯಲ್ಲಿ ದೀಪವಿಡಲು ಬಿಟ್ಟ ಪುಟ್ಟ ಮಾಡ. ಗೋಡೆಯ ಆ ದೀಪದ ಗೂಡು ವಿದ್ಯುತ್ತು ಬರುವ ತನಕ ಈ ಸೀಮೆಯ ಮನೆಗಳಲ್ಲಿ ಇರುತ್ತಿತ್ತು. ಕರಾವಳಿಯವರು ದೀಪಾವಳಿಗೆ ಮನೆ ಮುಂದೆ ತೂಗುಬಿಡುವ ಕಾಗದದ ದೀಪಕ್ಕೆ ಗೂಡುದೀಪ ಎನ್ನುತ್ತಾರೆ. ಸೂರ್ಯನಿಗೆ ಗೂಡು ಕಟ್ಟಿಕೊಟ್ಟ ಈ ಹೆಸರು ಅರ್ಕಪುರಿಗಿಂತ ಎಷ್ಟೋ ಚೆಲುವಾದ ಹೆಸರು. ಕಾದಂಬರಿಕಾರ ಅ.ನ. ಕೃಷ್ಣರಾಯರು ಹುಟ್ಟಿದ್ದು 1908ರಲ್ಲಿ, ಕೋಲಾರದಲ್ಲಿ. ಆದರೂ ಅವರ ಹೆಸರಿನ ಮೊದಲ ‘ಅ’ ಅರಕಲಗೂಡೇ. ಕನ್ನಡ ನಾಡೆಲ್ಲ ‘ಅನಕೃ’ ಎನ್ನುವಾಗ ಈ ಊರಿನ ಮೊದಲ ಅಕ್ಷರವನ್ನೂ ಸೇರಿಸಿಯೇ ಕರೆಯುತ್ತದೆ.

ಸೂರ್ಯನ ಹೆಸರಿಗೆ ಈ ಸೀಮೆಯಲ್ಲಿ ಪುರಾಣಕ್ಕಿಂತ ಗಟ್ಟಿಯಾದ ಆಧಾರವೂ ಉಂಟು. 11ನೆಯ ಶತಮಾನದಲ್ಲಿ ಅರಕಲಗೂಡು ಸೀಮೆ ಮತ್ತು ಕೊಡಗಿನ ಉತ್ತರ ಭಾಗ ಸೇರಿ ಕೊಂಗಾಳ್ವನಾಡಾಗಿತ್ತು. ಚೋಳ ರಾಜರಾಜನ ಕಾಲದಲ್ಲಿ ತಲೆಯೆತ್ತಿದ ಕೊಂಗಾಳ್ವರು ತಮ್ಮನ್ನು ಚೋಳರ ಸೂರ್ಯವಂಶಕ್ಕೆ ಸೇರಿಸಿಕೊಂಡರು. ಚೋಳರ ಹಳೆಯ ರಾಜಧಾನಿ ಉರೈಯೂರಿನ ಒಡೆಯರೆಂದು ಬಿರುದು ಹಾಕಿಕೊಂಡರು. ಅವರಲ್ಲಿ ಹೆಸರಾದ ರಾಜೇಂದ್ರ ಪೃಥ್ವೀ ಕೊಂಗಾಳ್ವನಿಗೆ ಅದಟರಾದಿತ್ಯ ಎಂಬ ಹೆಸರಿತ್ತು. ಅದಟರು ಎಂದರೆ ಪರಾಕ್ರಮಿಗಳು. ಅವರ ನಡುವೆ ಇವನು ಸೂರ್ಯ. ಜೈನನಾಗಿದ್ದ ಈ ಅರಸ 1079ರಲ್ಲಿ ಕಟ್ಟಿಸಿದ ಬಸದಿಗೆ ಅದಟರಾದಿತ್ಯ ಚೈತ್ಯಾಲಯ ಎಂದೇ ಹೆಸರಿಟ್ಟ. ಶಿವಭಕ್ತರ ಊರಿನಲ್ಲಿ ಅರ್ಕೇಶ್ವರ, ಜೈನರ ಬಸದಿಯಲ್ಲಿ ಆದಿತ್ಯ: ದೇವರು ಬೇರೆಯಾದರೂ ಹಿರಿಮೆಯನ್ನು ಹೇಳಬೇಕಾದಾಗ ಎರಡೂ ಕಡೆ ನೆನಪಾದವನು ಸೂರ್ಯನೇ.

ಅರ್ಕ ಪದ ಕನ್ನಡಿಗರ ಬಾಳಿನಲ್ಲಿ ಅತ್ಯಂತ ಹೆಚ್ಚು ಸಲ ಬಳಕೆಯಾದದ್ದು ದಾನಶಾಸನಗಳಲ್ಲಿ. ಭೂಮಿಯನ್ನೋ ಗಾಣವನ್ನೋ ಸುಂಕದ ಪಾಲನ್ನೋ ದೇವರಿಗೆ, ಮಠಕ್ಕೆ, ಅಗ್ರಹಾರಕ್ಕೆ ಬಿಟ್ಟುಕೊಡುವಾಗ ಅದು ಎಷ್ಟು ಕಾಲ ನಡೆಯಬೇಕೆಂದು ಹೇಳಲೇಬೇಕಲ್ಲ. ‘ಆಚಂದ್ರಾರ್ಕ’ ಎಂಬ ಒಂದೇ ಮಾತು ಆ ಕೆಲಸ ಮಾಡಿತು: ಚಂದ್ರ ಸೂರ್ಯರು ಇರುವ ತನಕ. ಕೆಲವು ಕಡೆ ಇದಕ್ಕೆ ‘ತಾರಂಬರಂ’ ಸೇರುತ್ತದೆ, ನಕ್ಷತ್ರಗಳಿರುವವರೆಗೆ ಎಂದು. ಹಾಸನ ಜಿಲ್ಲೆಯ ಶಾಸನಗಳನ್ನು ರೈಸ್ ಎಪಿಗ್ರಾಫಿಯಾ ಕರ್ನಾಟಿಕದ ಐದನೆಯ ಸಂಪುಟವಾಗಿ 1902ರಲ್ಲಿ ಪ್ರಕಟಿಸಿದರು. ಬೇಲೂರು, ಅರಸೀಕೆರೆ, ಚನ್ನರಾಯಪಟ್ಟಣ, ಹೊಳೆನರಸೀಪುರ, ಅರಕಲಗೂಡು ತಾಲ್ಲೂಕುಗಳ ಹೊಯ್ಸಳ, ವಿಜಯನಗರ ಕಾಲದ ದಾನಗಳನ್ನು ಓದುತ್ತ ಹೋದರೆ ರಾಜರ ಹೆಸರು ಬದಲಾಗುತ್ತವೆ, ದೇವರ ಹೆಸರು ಬದಲಾಗುತ್ತವೆ, ಈ ಮಾತು ಮಾತ್ರ ಬದಲಾಗುವುದಿಲ್ಲ.

ಓದು ಬಾರದವರಿಗೂ ಅದು ತಿಳಿಯುವಂತೆ ಕಲ್ಲುಕುಟಿಗ ಏರ್ಪಾಡು ಮಾಡಿರುತ್ತಾನೆ. ಊರಾಚೆ ಹೊಲದ ಬದುವಿನಲ್ಲಿ ನಿಂತ ಒಂದು ಶಾಸನದ ಕಲ್ಲನ್ನು ನೋಡಿದರೆ ಸಾಕು. ತಲೆಯ ಕಡೆ ಕಮಾನಿನಂತೆ ಕೆತ್ತಿದ ಪಟ್ಟಿಕೆ. ನಡುವೆ ಲಿಂಗ ಅಥವಾ ಜಿನಬಿಂಬ. ಪಕ್ಕದಲ್ಲಿ ಕರುವಿಗೆ ಹಾಲೂಡುವ ಹಸು. ಮೇಲಿನ ಎರಡು ಮೂಲೆಗಳಲ್ಲಿ ಒಂದು ದುಂಡು ಬಿಲ್ಲೆ, ಒಂದು ಬಾಗಿದ ಗೆರೆ. ಬಿಲ್ಲೆಗೆ ಮುಖವಿಲ್ಲ, ಕಿರಣಗಳಿಲ್ಲ, ಏಳು ಕುದುರೆಗಳಿಲ್ಲ. ಅಂಗೈಯಗಲದ ಬರಿಯ ಒಂದು ಉಬ್ಬು. ಅದೇ ಸೂರ್ಯ, ಬಾಗಿದ ಗೆರೆ ಚಂದ್ರ. ವೀರಗಲ್ಲಿನ ಮೇಲೂ ಮಾಸ್ತಿಗಲ್ಲಿನ ಮೇಲೂ ಇದೇ ಜೋಡಿ. ಕೆಳಗಿನ ಅಕ್ಷರಗಳು ಗಾಳಿ ಮಳೆಗೆ ಸವೆದು ಹೋದ ಎಷ್ಟೋ ಕಲ್ಲುಗಳಲ್ಲಿ ಈ ಎರಡು ಗುರುತುಗಳು ಮಾತ್ರ ಬೆರಳಿಗೆ ಸಿಗುತ್ತವೆ. ದಾನ ಕೊಟ್ಟವನಾರು, ಪಡೆದವನಾರು ಎಂಬುದು ಅಳಿಸಿ, ಎಷ್ಟು ಕಾಲಕ್ಕೆ ಎಂಬುದೊಂದೇ ಉಳಿದಿರುತ್ತದೆ.

ಆಚಂದ್ರಾರ್ಕವಾಗಿ ನಡೆಯಬೇಕಾದ ಕೆಲಸಗಳಲ್ಲಿ ದೀಪದ್ದೂ ಒಂದು. ನಂದಾದೀವಿಗೆ, ಅಂದರೆ ಹಗಲಿರುಳು ನಂದದೆ ಉರಿಯಬೇಕಾದ ದೀಪ. ಅದಕ್ಕೆ ದಿನಾ ಎಣ್ಣೆ ಬೇಕು. ಎಣ್ಣೆಗೆ ಗಾಣ ಬೇಕು, ಗಾಣಕ್ಕೆ ಎಳ್ಳು ಬೇಕು, ಎಳ್ಳು ಬೆಳೆಯಲು ಹೊಲ ಬೇಕು. ದೀಪವನ್ನು ದಾನ ಕೊಡುವುದೆಂದರೆ ಈ ಸರಪಳಿಯನ್ನೆಲ್ಲ ದಾನ ಕೊಡುವುದು. ಅದಕ್ಕೇ ಶಾಸನಗಳಲ್ಲಿ ‘ಸೊಡರೆಣ್ಣೆ’ಗೆಂದು ಹೊಲ ಬಿಟ್ಟದ್ದು, ಗಾಣದೆರೆಯನ್ನು ದೇವರಿಗೆ ಬಿಟ್ಟದ್ದು, ಗಾಣಕ್ಕೆ ಇಷ್ಟು ಸೊಲ್ಲಗೆ ಎಣ್ಣೆ ಎಂದು ಗೊತ್ತು ಮಾಡಿದ್ದು ಮತ್ತೆ ಮತ್ತೆ ಬರುತ್ತದೆ. ಸೊಡರು ದೀಪಕ್ಕೆ ಕನ್ನಡದ ಹಳೆಯ ಹೆಸರು. ಸುಡು ಎಂಬುದರ ಬಳಗದ್ದು, ತಮಿಳಿನ ಸುಡರ್, ತುಳುವಿನ ತುಡರ್ ಅದರ ಒಡಹುಟ್ಟುಗಳು. ಸೊಡರಿಗೆ ಎಣ್ಣೆ ಹೊಯ್ಯುವ ಹೊಣೆಯನ್ನು ಅರ್ಕನಿರುವ ತನಕ ಎಂದು ಬರೆಸಿದವರು ಆ ಮಾತನ್ನು ಅಲಂಕಾರಕ್ಕೆ ಬರೆಸಲಿಲ್ಲ. ಕೆಡಿಸಿದವನಿಗೆ ಗಂಗೆಯ ತಡಿಯಲ್ಲಿ ಕವಿಲೆ ಹಸುವನ್ನು ಕೊಂದ ಪಾಪ ಬರಲೆಂದು ಶಾಪವನ್ನೂ ಕೆತ್ತಿಸಿದರು. ದಾನಕ್ಕೆ ಆರಿಸಿದ ದಿನ ಎಷ್ಟೋ ಸಲ ಸೂರ್ಯಗ್ರಹಣದ ದಿನವಾಗಿರುತ್ತದೆ. ಸೂರ್ಯ ಮರೆಯಾಗುವುದನ್ನು ಕಣ್ಣಾರೆ ಕಂಡ ದಿನವೇ ಅವನ ಶಾಶ್ವತತೆಯ ಮೇಲೆ ಮಾತು ಕೊಟ್ಟದ್ದು ಆ ಕಾಲದ ನಂಬಿಕೆಯ ಬಲವನ್ನು ತೋರುತ್ತದೆ.

ಕಲ್ಲಿನಿಂದ ಈ ಮಾತು ಕಾಗದಕ್ಕೂ ಇಳಿಯಿತು. ನಿಧಿ, ನಿಕ್ಷೇಪ, ಜಲ, ಪಾಷಾಣ ಮುಂತಾದ ಅಷ್ಟಭೋಗಗಳ ಸಮೇತ, ಪುತ್ರಪೌತ್ರ ಪಾರಂಪರ್ಯವಾಗಿ, ಆಚಂದ್ರಾರ್ಕವಾಗಿ ಅನುಭವಿಸಿಕೊಂಡು ಬರತಕ್ಕದ್ದು ಎಂಬ ಒಕ್ಕಣೆ ಹಳೆಯ ಕ್ರಯಪತ್ರ, ದಾನಪತ್ರಗಳಲ್ಲಿ ಮಾಮೂಲು. ಪತ್ರ ಬರೆಯುವ ಶಾನುಭೋಗನಿಗೂ ಬರೆಸಿಕೊಳ್ಳುವ ರೈತನಿಗೂ ಅದು ಬಾಯಿಪಾಠ. ಗುಡಿಗಳಿಗೆ ಹೀಗೆ ಬಿಟ್ಟ ಇನಾಂ ಜಮೀನುಗಳ ಕಾಲವನ್ನು ಕೊನೆಗೆ ಕಾನೂನು ಮುಗಿಸಿತು. 1955ರ ಮೈಸೂರು ಧಾರ್ಮಿಕ ಮತ್ತು ಧರ್ಮಾರ್ಥ ಇನಾಂಗಳ ರದ್ದತಿ ಕಾಯಿದೆಯಿಂದ ಆ ಇನಾಂಗಳು ಸರ್ಕಾರದ ವಶಕ್ಕೆ ಬಂದವು, ಉಳುತ್ತಿದ್ದ ಗೇಣಿದಾರರಿಗೆ ಹಕ್ಕಿನ ದಾರಿ ತೆರೆಯಿತು, ದೇವಸ್ಥಾನಗಳಿಗೆ ಬದಲಿಗೆ ತಸ್ತೀಕು ಎಂಬ ಸರ್ಕಾರಿ ಹಣ ಬಂತು. ಉಳುವವನ ಕಡೆಯಿಂದ ನೋಡಿದರೆ ಇದು ಆಗಲೇಬೇಕಾದ ನ್ಯಾಯ. ಹಳ್ಳಿಯ ಸಣ್ಣ ಗುಡಿಗಳ ಕಡೆಯಿಂದ ನೋಡಿದರೆ, ತಲೆಮಾರುಗಳಿಂದ ಹೊಲದ ಎಳ್ಳಿನಿಂದ ಉರಿಯುತ್ತಿದ್ದ ದೀಪ ಅಂದಿನಿಂದ ತಾಲ್ಲೂಕು ಕಚೇರಿಯಿಂದ ಬರುವ ಹಣವನ್ನು ಕಾಯಬೇಕಾಯಿತು.

ಅರ್ಕೇಶ್ವರ ಎಂಬ ಹೆಸರು ಅರಕಲಗೂಡಿಗೆ ಮಾತ್ರ ಸೇರಿದ್ದಲ್ಲ. ಕಾವೇರಿಯ ಜೊತೆ ಇಳಿಯುತ್ತ ಹೋದರೆ ಅದು ಮತ್ತೆ ಮತ್ತೆ ಎದುರಾಗುತ್ತದೆ. ಹೊಳೆ ಅರಕಲಗೂಡು ತಾಲ್ಲೂಕಿನ ಕೊಣನೂರು, ರಾಮನಾಥಪುರ, ಸಂಗೀತಗಾರರ ಊರಾದ ರುದ್ರಪಟ್ಟಣಗಳನ್ನು ದಾಟಿ, ಚುಂಚನಕಟ್ಟೆಯಲ್ಲಿ ಧುಮುಕಿ, ಎಡತೊರೆಗೆ ಬರುತ್ತದೆ. ಇಂದಿನ ಕೃಷ್ಣರಾಜನಗರವೇ ಆ ಎಡತೊರೆ. ಅಲ್ಲಿ ಹೊಳೆಯ ದಂಡೆಯಲ್ಲಿ ಅರ್ಕೇಶ್ವರನ ಗುಡಿಯಿದೆ. ಅವನ ರಥೋತ್ಸವ ನಡೆಯುವುದು ರಥಸಪ್ತಮಿಯಂದು. ಇನ್ನೂ ಕೆಳಗೆ ತಲಕಾಡು. ಅಲ್ಲಿಯ ಪಂಚಲಿಂಗಗಳಾದ ವೈದ್ಯೇಶ್ವರ, ಪಾತಾಳೇಶ್ವರ, ಮರುಳೇಶ್ವರ, ಮಲ್ಲಿಕಾರ್ಜುನರ ಸಾಲಿನಲ್ಲಿ ವಿಜಯಾಪುರದ ಅರ್ಕೇಶ್ವರನೂ ಒಬ್ಬ. ಕಾರ್ತಿಕ ಮಾಸದಲ್ಲಿ ಅಪರೂಪದ ಯೋಗ ಕೂಡಿದಾಗ ನಡೆಯುವ ಪಂಚಲಿಂಗ ದರ್ಶನಕ್ಕೆ, 2013ರಲ್ಲಿ, 2020ರಲ್ಲಿ ಆದಂತೆ, ಈ ಐದನ್ನೂ ಒಂದೇ ದಿನ ನೋಡಿ ಬರಬೇಕು. ಕಾವೇರಿಯ ದಂಡೆ ಬಿಟ್ಟು ದಕ್ಷಿಣಕ್ಕೆ ಹೋದರೆ ಚಾಮರಾಜನಗರ ತಾಲ್ಲೂಕಿನ ಹಳೇ ಆಲೂರಿನಲ್ಲಿ ಇನ್ನೊಬ್ಬ ಅರ್ಕೇಶ್ವರನಿದ್ದಾನೆ.

ಈ ಗುಡಿಗಳಲ್ಲೆಲ್ಲ ಗರ್ಭಗುಡಿಯಲ್ಲಿರುವುದು ಲಿಂಗ. ಅರ್ಕ ಅಲ್ಲಿ ಪೂಜೆ ಮಾಡಿದವನು, ಪೂಜೆ ಕೊಳ್ಳುವವನು ಈಶ್ವರ. ಕನ್ನಡ ನಾಡಿನಲ್ಲಿ ಸೂರ್ಯ ಒಂಟಿಯಾಗಿ ದೊಡ್ಡ ದೇವರಾದದ್ದು ಕಡಿಮೆ. ಬೇರೆ ದೇವರ ಬಳಿಯಲ್ಲಿ ಅವನಿಗೆ ಗೌರವದ ಜಾಗ ಸಿಕ್ಕಿದೆ. ಹಳೇಬೀಡಿನ ಹೊಯ್ಸಳೇಶ್ವರದಲ್ಲಿ ಇದನ್ನು ಸ್ಪಷ್ಟವಾಗಿ ಕಾಣಬಹುದು. ಅಲ್ಲಿ ಲಿಂಗದ ಎದುರು ನಂದಿಮಂಟಪ, ಅದರ ಬೆನ್ನಿಗೆ ಪೂರ್ವದಿಕ್ಕಿನಲ್ಲಿ ಸೂರ್ಯನ ಗುಡಿ. ಆಳೆತ್ತರದ ಆ ಸೂರ್ಯನೂ ನಂದಿಯ ಹಾಗೆಯೇ ಶಿವನ ಕಡೆ ಮುಖ ಮಾಡಿ ನಿಂತಿದ್ದಾನೆ.

ಊರು, ಕಲ್ಲು, ಗುಡಿಗಳಿಗಿಂತ ಅರ್ಕಕ್ಕೆ ಹೆಚ್ಚು ಜೀವವಿರುವುದು ಎಕ್ಕದ ಗಿಡದಲ್ಲಿ. ಸಂಸ್ಕೃತದಲ್ಲಿ ಅರ್ಕ ಎಂದರೆ ಸೂರ್ಯ, ಅರ್ಕ ಎಂದರೆ ಎಕ್ಕ. ಅಮರಕೋಶ ಈ ಗಿಡವನ್ನು ‘ಅರ್ಕಾಹ್ವ’ ಎನ್ನುತ್ತದೆ, ಸೂರ್ಯನ ಹೆಸರನ್ನೇ ಹೊತ್ತದ್ದು ಎಂದು. ಬಿಳಿ ಹೂವಿನದಕ್ಕೆ ಅಲರ್ಕ ಎಂಬ ಬೇರೆ ಹೆಸರು. ಶಾಲೆಯ ವ್ಯಾಕರಣದ ತತ್ಸಮ ತದ್ಭವಗಳ ಪಟ್ಟಿಯಲ್ಲಿ ಅರ್ಕ ತತ್ಸಮ, ಎಕ್ಕ ಅದರ ತದ್ಭವ. ಆದರೆ ತಮಿಳಿನಲ್ಲಿ ಈ ಗಿಡ ಎರುಕ್ಕು, ಮಲಯಾಳದಲ್ಲಿ ಎರಿಕ್ಕು, ಕನ್ನಡದಲ್ಲೇ ಎರ್ಕೆ ಎಂಬ ರೂಪವೂ ಉಂಟು. ದ್ರಾವಿಡ ನಿಘಂಟುಕಾರರು ಇವನ್ನೆಲ್ಲ ಒಂದೇ ಬಳಗಕ್ಕೆ ಸೇರಿಸಿದ್ದಾರೆ. ತಮಿಳಿನ ಸಂಗಂ ಕವಿಗಳ ಕಾಲಕ್ಕಾಗಲೇ ಎರುಕ್ಕಿನ ಹೂವು, ಅದರ ಮಾಲೆ ಪರಿಚಿತವಾಗಿತ್ತು. ಹೀಗೆ ನೋಡಿದಾಗ ಎಕ್ಕ ಬರಿಯ ತದ್ಭವವಲ್ಲ. ತೆಂಕಣ ನುಡಿಗಳ ಗಿಡದ ಹೆಸರೊಂದು ಸಂಸ್ಕೃತದ ಸೂರ್ಯನ ಹೆಸರಿಗೆ ಎದುರಾಗಿ, ಎರಡೂ ಒಂದೇ ಗಿಡದಲ್ಲಿ ಕೂಡಿಕೊಂಡಿವೆ ಎನ್ನುವುದೇ ಹೆಚ್ಚು ಒಪ್ಪುವ ಮಾತು.

ಎಕ್ಕವನ್ನು ಯಾರೂ ನೆಟ್ಟು ಬೆಳೆಸುವುದಿಲ್ಲ. ರಸ್ತೆಯ ಬದಿ, ಕೆರೆ ಏರಿಯ ಹಿಂದು, ತಿಪ್ಪೆಯ ಅಂಚು, ಪಾಳುಬಿದ್ದ ಮನೆಯ ಗೋಡೆ, ನೀರಿಲ್ಲದ ಕಡೆಯೇ ಅದರ ನೆಲೆ. ಬೇರೆಲ್ಲ ಗಿಡ ಒಣಗಿದ ಬಿರುಬೇಸಿಗೆಯಲ್ಲಿ ಅದು ತುಂಬಿಕೊಂಡು ನಿಂತಿರುತ್ತದೆ. ಎಲೆ ದಪ್ಪ, ಬೂದುಹಸಿರು; ತಳಭಾಗವನ್ನು ಸವರಿದರೆ ಬಿಳಿಯ ಹುಡಿ ಬೆರಳಿಗೆ ಮೆತ್ತಿಕೊಳ್ಳುತ್ತದೆ. ತೊಟ್ಟು ಮುರಿದ ಕೂಡಲೇ ಹಾಲು ತೊಟ್ಟಿಕ್ಕುತ್ತದೆ, ಒಣಗಿದರೆ ಅಂಟು. ತಿಳಿನೇರಳೆ ಇಲ್ಲವೆ ಬಿಳಿ ಬಣ್ಣದ ಹೂವು ಮೇಣದಲ್ಲಿ ಎರಕ ಹೊಯ್ದಷ್ಟು ಗಟ್ಟಿ, ನಡುವೆ ಐದು ಮೂಲೆಯ ಕಿರೀಟ. ಕಾಯಿ ಒಡೆದಾಗ ಒಳಗಿನ ಬೀಜಗಳು ರೇಷ್ಮೆಯಂಥ ಅರಳೆಯನ್ನು ಕಟ್ಟಿಕೊಂಡು ಗಾಳಿಗೆ ಹಾರುತ್ತವೆ. ಆ ಅರಳೆಯನ್ನು ದಿಂಬಿಗೆ ತುಂಬುವುದಿತ್ತು, ದೀಪಕ್ಕೆ ಬತ್ತಿ ಹೊಸೆಯುವುದಿತ್ತು. ಕಾಂಡದ ನಾರು ಬಲು ಗಟ್ಟಿ. ಹಿಂದೆ ಬಿಲ್ಲಿನ ಹೆದೆಗೂ ಮೀನಿನ ಗಾಳದ ದಾರಕ್ಕೂ ಬಳಕೆಯಾಗಿತ್ತು. ಗದ್ದೆಗೆ ಹಸಿರೆಲೆ ಗೊಬ್ಬರವಾಗಿ ಎಕ್ಕದ ಸೊಪ್ಪು ತುಳಿಸುವುದನ್ನು ರೈತರು ಬಲ್ಲರು. ಕಾಲಿಗೆ ಚುಚ್ಚಿದ ಮುಳ್ಳು ಮೇಲೆ ಬರಲಿ ಎಂದು ಎಕ್ಕದ ಹಾಲು ಹಚ್ಚುವುದು, ಮಂಡಿನೋವಿಗೆ ಹರಳೆಣ್ಣೆ ಸವರಿದ ಎಲೆಯನ್ನು ಬೆಚ್ಚಗೆ ಮಾಡಿ ಕಟ್ಟುವುದು ಮನೆಮದ್ದು. ಸಿಡಿಮದ್ದಿಗೆ ಬೇಕಾದ ಇದ್ದಿಲನ್ನು ಅರ್ಕದಿಂದ ಸುಟ್ಟು ಮಾಡುವ ವಿಧಾನವನ್ನು ಶುಕ್ರನೀತಿ ಹೇಳುತ್ತದೆ.

ರಥಸಪ್ತಮಿಯ ದಿನ ಈ ಬೇಲಿಯ ಗಿಡಕ್ಕೆ ಮನೆಯೊಳಗೆ ಪ್ರವೇಶ. ಮಾಘ ಶುದ್ಧ ಸಪ್ತಮಿ ಸೂರ್ಯನ ಹುಟ್ಟುಹಬ್ಬ. ಅವನ ತೇರು ಉತ್ತರದ ಕಡೆ ತಿರುಗುವ ದಿನ ಎಂದು ನಂಬಿಕೆ. ಹೊತ್ತು ಮೂಡುವ ಮುಂಚೆ ಏಳು ಎಕ್ಕದ ಎಲೆ ತಂದು, ತಲೆಯ ಮೇಲೆ ಒಂದು, ಹೆಗಲ ಮೇಲೆ ಎರಡು, ಮಂಡಿಯ ಮೇಲೆ ಎರಡು, ಪಾದದ ಮೇಲೆ ಎರಡು ಇಟ್ಟು, ಮೇಲೊಂದಿಷ್ಟು ಅಕ್ಕಿಕಾಳು ಹಾಕಿ ಮೂಡಣಕ್ಕೆ ಮುಖ ಮಾಡಿ ಸ್ನಾನ ಮಾಡಬೇಕು. ಕೆಲವರು ಅಕ್ಕಿಯ ಜೊತೆ ಎಲಚಿಹಣ್ಣನ್ನೂ ಇಡುತ್ತಾರೆ. ಅಂಗಳದಲ್ಲಿ ತೇರಿನ ರಂಗೋಲಿ, ಬಿಸಿಲಿನಲ್ಲಿ ಒಲೆ ಹೂಡಿ ಹಾಲು ಉಕ್ಕಿಸುವುದು, ದೊಡ್ಡ ದೇವಸ್ಥಾನಗಳಲ್ಲಿ ಸೂರ್ಯಮಂಡಲೋತ್ಸವ. ಮೈಸೂರು ಸೀಮೆಯ ಮಕ್ಕಳಿಗೆ ಅರ್ಕ ಪದ ಗೊತ್ತಿರುವುದಿಲ್ಲ. ನಸುಕಿನ ಚಳಿಯಲ್ಲಿ ಎಕ್ಕದೆಲೆಯ ಮೇಲಿಂದ ನೀರು ಸುರಿದುಕೊಂಡದ್ದು ಮಾತ್ರ ಮರೆಯುವುದಿಲ್ಲ.

ಶಾಸ್ತ್ರದಲ್ಲಿ ಎಕ್ಕ ಸೂರ್ಯನ ಪಾಲಿನ ಸಮಿತ್ತು. ನವಗ್ರಹ ಹೋಮದಲ್ಲಿ ಚಂದ್ರನಿಗೆ ಮುತ್ತುಗ, ಕುಜನಿಗೆ ಕಗ್ಗಲಿ, ಬುಧನಿಗೆ ಉತ್ತರಾಣಿ, ಗುರುವಿಗೆ ಅರಳಿ, ಶುಕ್ರನಿಗೆ ಅತ್ತಿ, ಶನಿಗೆ ಬನ್ನಿ, ರಾಹುಕೇತುಗಳಿಗೆ ಗರಿಕೆ, ದರ್ಭೆ, ರವಿಗೆ ಎಕ್ಕ. ಬಿಳಿ ಎಕ್ಕದ ಬೇರಿನಲ್ಲಿ ಗಣಪತಿಯನ್ನು ಕಾಣುವುದು, ಶನಿವಾರ ಆಂಜನೇಯನಿಗೆ ಎಕ್ಕದ ಹೂವಿನ ಹಾರ ಹಾಕುವುದು ಇಂದಿಗೂ ನಡೆದಿದೆ. ಗುಡಿಯ ಮುಂದೆ ಹೂ ಮಾರುವವರಿಗೆ ಅದು ಕಾಸಿಲ್ಲದೆ ಸಿಗುವ ಸರಕು. ಅರ್ಕವಿವಾಹ ಎಂಬ ಆಚಾರವೂ ಇತ್ತು. ಇಬ್ಬರು ಹೆಂಡಿರನ್ನು ಕಳೆದುಕೊಂಡವನಿಗೆ ಮೂರನೆಯ ಮದುವೆ ಆಗಿಬರುವುದಿಲ್ಲ ಎಂಬ ಅಂಜಿಕೆಯಿಂದ ಮೊದಲು ಎಕ್ಕದ ಗಿಡಕ್ಕೆ ತಾಳಿ ಕಟ್ಟಿಸುತ್ತಿದ್ದರು. ಮೂರನೆಯ ಹೆಂಡತಿಯ ಸ್ಥಾನ ಗಿಡಕ್ಕೆ ಹೋಗಿ, ಮನೆಗೆ ಬರುವ ಹೆಣ್ಣು ಲೆಕ್ಕಕ್ಕೆ ನಾಲ್ಕನೆಯವಳಾಗುತ್ತಿದ್ದಳು. ಹೆರಿಗೆಯಲ್ಲಿ, ರೋಗದಲ್ಲಿ ಹೆಂಗಸರು ಚಿಕ್ಕ ವಯಸ್ಸಿಗೇ ಸಾಯುತ್ತಿದ್ದ ಕಾಲದ ದುಃಖ ಈ ಆಚಾರದ ಹಿಂದಿದೆ. ದಕ್ಷಿಣ ಭಾರತದ ಜಾತಿ, ಬುಡಕಟ್ಟುಗಳ ಬಗ್ಗೆ ಎಡ್ಗರ್ ಥರ್ಸ್ಟನ್ 1909ರಲ್ಲಿ ಪ್ರಕಟಿಸಿದ ಸಂಪುಟಗಳಲ್ಲಿ ಇದರ ವಿವರಣೆಯಿದೆ.

ಇದೇ ಗಿಡ ಬೈಗುಳವೂ ಆಗಿದೆ. ಹಾಸನ, ಮಂಡ್ಯ, ಮೈಸೂರು ಕಡೆ ಕೆಲಸ ಕೆಟ್ಟುಹೋದರೆ ‘ಎಕ್ಕುಟ್ಟೋಯ್ತು’ ಎನ್ನುತ್ತಾರೆ; ಸಿಟ್ಟು ಬಂದರೆ ‘ನಿನ್ ಮನೆ ಎಕ್ಕುಟ್ಟೋಗ’ ಎಂದು ಬಯ್ಯುತ್ತಾರೆ. ಎಕ್ಕ ಹುಟ್ಟಿ ಹೋಗಲಿ ಎಂಬುದು ಇದರ ಪೂರ್ಣ ರೂಪ. ಮನೆ ಹಾಳಾಗಿ, ಚಾವಣಿ ಕುಸಿದು, ನಡುಮನೆಯಲ್ಲಿ ಎಕ್ಕ ಬೆಳೆಯಲಿ ಎಂಬ ಈ ಶಾಪದಲ್ಲಿ ಗಿಡದ ಸ್ವಭಾವವನ್ನು ಕಣ್ಣಾರೆ ಕಂಡವರ ನುಡಿಗಾರಿಕೆಯಿದೆ. ಬಿಸಿಲು ನೇರವಾಗಿ ಬೀಳುವ, ನೆರಳು ಕೊಡುವ ಚಾವಣಿಯಿಲ್ಲದ ಜಾಗವೇ ಎಕ್ಕಕ್ಕೆ ಬೇಕು. ರಥಸಪ್ತಮಿಯ ಪುಣ್ಯ, ಮನೆಹಾಳಾಗುವ ಶಾಪ, ಎರಡೂ ಈ ಬಿಸಿಲ ಗುಣದಿಂದಲೇ ಹುಟ್ಟಿವೆ.

ಬೆಳಕಿನ ಹೆಸರು ಹೊತ್ತ ಗಿಡಕ್ಕೆ ಕಣ್ಣು ಕೆಡಿಸುವ ಗುಣವೂ ಇದೆ. ಮಹಾಭಾರತದ ಆದಿಪರ್ವದಲ್ಲಿ ಧೌಮ್ಯರ ಶಿಷ್ಯ ಉಪಮನ್ಯುವಿನ ಕಥೆ ಬರುತ್ತದೆ. ಗುರುವಿನ ಹಸು ಕಾಯುವ ಹುಡುಗ ಭಿಕ್ಷೆಯನ್ನು ತಿನ್ನಬಾರದು, ಹಾಲು ಕುಡಿಯಬಾರದು, ಕರುವಿನ ಬಾಯಿಂದ ಬಿದ್ದ ನೊರೆಯನ್ನೂ ಮುಟ್ಟಬಾರದು ಎಂದಾಗ ಹಸಿವು ತಾಳದೆ ಕಾಡಿನಲ್ಲಿ ಎಕ್ಕದ ಎಲೆ ತಿಂದ. ಅದರ ಉರಿಗೆ ಕಣ್ಣು ಹೋಗಿ ಬಾವಿಯಲ್ಲಿ ಬಿದ್ದ. ಕೊನೆಗೆ ಅಶ್ವಿನೀ ದೇವತೆಗಳನ್ನು ಸ್ತುತಿಸಿ ದೃಷ್ಟಿ ಪಡೆದ. ಆ ದೇವವೈದ್ಯರು ಪುರಾಣದಲ್ಲಿ ಸೂರ್ಯನ ಮಕ್ಕಳೇ. ಕಥೆ ಕಟ್ಟಿದವರಿಗೆ ಗಿಡದ ಗುಣ ತಿಳಿದಿತ್ತು. ಎಕ್ಕದ ಹಾಲು ಕಣ್ಣಿಗೆ ಬಿದ್ದರೆ ಕಣ್ಣಿನ ಪಾರದರ್ಶಕ ಪೊರೆ ಊದಿಕೊಂಡು ದೃಷ್ಟಿ ಮಂಜಾಗುತ್ತದೆ ಎಂಬುದು ಇಂದಿನ ನೇತ್ರವೈದ್ಯರಿಗೂ ಚೆನ್ನಾಗಿ ಗೊತ್ತು. ಹೂ ಕೀಳುವಾಗ ಚಿಮ್ಮಿದ ಹನಿಯನ್ನು ಕೂಡಲೇ ನೀರಿನಿಂದ ತೊಳೆದು ಆಸ್ಪತ್ರೆಗೆ ಹೋಗಬೇಕು. ಮನೆಮದ್ದೆಂದು ತಡ ಮಾಡಬಾರದು.

ಔಷಧದ ಅಂಗಡಿಯಲ್ಲಿ ಸಿಗುವ ಅರ್ಕ ಬೇರೆ. ತುಳಸಿ ಅರ್ಕ, ಪುದೀನ ಅರ್ಕ ಎನ್ನುವಲ್ಲಿ ಇರುವುದು ಅರಬ್ಬಿಯ ‘ಅರಕ್’. ಬೆವರು ಎಂದು ಅದರ ಮೂಲಾರ್ಥ. ಬಟ್ಟಿ ಇಳಿಸುವಾಗ ಪಾತ್ರೆಯ ಮುಚ್ಚಳದಲ್ಲಿ ಬೆವರಿನಂತೆ ಕೂಡುವ ಹನಿಗೆ ಬಂದ ಈ ಹೆಸರು ಯುನಾನಿ ವೈದ್ಯರ ಮೂಲಕ ಭಾರತದ ನುಡಿಗಳಿಗೆ ಇಳಿಯಿತು. ಬಂದ ಮೇಲೆ ಅದು ಸಂಸ್ಕೃತದ ಅರ್ಕದ ಉಡುಪನ್ನೇ ತೊಟ್ಟಿತು. ರಾವಣ ಬರೆದನೆಂದು ಹೇಳಿಕೊಳ್ಳುವ ‘ಅರ್ಕಪ್ರಕಾಶ’ ಎಂಬ ಈಚಿನ ಸಂಸ್ಕೃತ ಗ್ರಂಥ ಬಟ್ಟಿ ಇಳಿಸುವ ವಿದ್ಯೆಯದ್ದು. ಹೆಸರು ಮಾತ್ರ ಓದುವವರಿಗೆ ಸೂರ್ಯನ ಬೆಳಕನ್ನೇ ನೆನಪಿಸುತ್ತದೆ.

ಹೊಸ ಕಾಲದಲ್ಲಿ ಬೆಳಕಿನ ವ್ಯವಹಾರ ಅರ್ಕವನ್ನು ಕೇಳಲಿಲ್ಲ. 1902ರಲ್ಲಿ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ಕಾವೇರಿಯ ವಿದ್ಯುತ್ತು ಹರಿದಾಗ ಹೊಸ ಪದಗಳು ಬಂದವು. ಚಾವಣಿಯ ಮೇಲೆ ಬಿಸಿಲನ್ನು ಹಿಡಿಯುವ ಫಲಕಗಳು ಬಂದಾಗ ‘ಸೌರ’ ಎಂಬುದು ನಿಂತಿತು. ಅರ್ಕಕ್ಕೆ ಹೊಸ ಬಳಕೆ ಸಿಕ್ಕಿದ್ದು ಒಂದು ನದಿಯಿಂದ. ನಂದಿಬೆಟ್ಟದಲ್ಲಿ ಹುಟ್ಟಿ, ದೊಡ್ಡಬಳ್ಳಾಪುರ, ಹೆಸರಘಟ್ಟ, ರಾಮನಗರ, ಕನಕಪುರಗಳ ದಾರಿಯಲ್ಲಿ ಹರಿದು ಸಂಗಮದಲ್ಲಿ ಕಾವೇರಿಯನ್ನು ಸೇರುವ ಹೊಳೆ ಅರ್ಕಾವತಿ. 1890ರ ದಶಕದಲ್ಲಿ ಬೆಂಗಳೂರಿಗೆ ಮೊದಲ ಕೊಳವೆ ನೀರು ಬಂದದ್ದು ಹೆಸರಘಟ್ಟದಲ್ಲಿ ಈ ಹೊಳೆಗೆ ಕಟ್ಟಿದ ಕೆರೆಯಿಂದ. 1933ರಲ್ಲಿ ತಿಪ್ಪಗೊಂಡನಹಳ್ಳಿಯ ಚಾಮರಾಜಸಾಗರವೂ ಇದರ ಮೇಲೆಯೇ ಎದ್ದಿತು. ಪಾತ್ರದಲ್ಲಿ ಈಗ ಬಹುಕಾಲ ನೀರಿಲ್ಲ, ಇದ್ದ ಕಡೆ ಕೊಳಕು. ನಗರವೊಂದು ತನಗೆ ನೀರೂಡಿದ ಹೊಳೆಯನ್ನು ಹೀಗೆ ಕೈಬಿಟ್ಟದ್ದು ದೊಡ್ಡ ಅನ್ಯಾಯ.

ಹೆಸರಘಟ್ಟದಲ್ಲಿ 1967ರಲ್ಲಿ ಶುರುವಾದ ಭಾರತೀಯ ತೋಟಗಾರಿಕೆ ಸಂಶೋಧನಾ ಸಂಸ್ಥೆ ತಾನು ಬೆಳೆಸಿದ ತಳಿಗಳಿಗೆ ಈ ಹೊಳೆಯ ಹೆಸರಿನಿಂದ ‘ಅರ್ಕ’ ಎಂಬ ಪೂರ್ವಪದವನ್ನು ಕೊಟ್ಟಿದೆ. ಬೆಂಡೆಯಲ್ಲಿ ಅರ್ಕ ಅನಾಮಿಕ, ಈರುಳ್ಳಿಯಲ್ಲಿ ಅರ್ಕ ಕಲ್ಯಾಣ್, ಸೀಬೆಯಲ್ಲಿ ಅರ್ಕ ಕಿರಣ್, ಟೊಮೆಟೊದಲ್ಲಿ ಅರ್ಕ ವಿಕಾಸ್. ಎಲೆ ಮುದುಡುವ ನಂಜುರೋಗ, ದುಂಡಾಣು ಸೊರಗು ರೋಗ, ಅಂಗಮಾರಿ ಈ ಮೂರನ್ನೂ ತಡೆಯುವಂತೆ ಬೆಳೆಸಿದ ಟೊಮೆಟೊ ಅರ್ಕ ರಕ್ಷಕ್ ರೈತರಲ್ಲಿ ಬಲು ಬೇಗ ಹೆಸರು ಮಾಡಿತು. ಕಲ್ಲಿನಿಂದ, ಪತ್ರದಿಂದ ಮರೆಯಾದ ಪದವನ್ನು ಇಂದು ರೈತ ಬಾಯಿಬಿಟ್ಟು ಕೇಳಿ ಪಡೆಯುವುದು ಬೀಜದ ಪೊಟ್ಟಣದ ಮೇಲಿನ ಹೆಸರಾಗಿ.